ಮದುವೆಯ ಗೌನ್ ಆಲ್ಟರೇಶನ್ ಕೆಟ್ಟು ಬಂದಿದೆ, ಸರಿಪಡಿಸಲು ಸಾಧ್ಯವೇ?

ಬಿಳಿಸಂಪಿಗೆ

ಮದುವೆ ತೀರಾ ಹತ್ತಿರ ಬಂದಿದೆ, ಕೈಕಾಲು ಆಡುತ್ತಿಲ್ಲ. ಹೊಲಿಗೆ ಬಲ್ಲವರು, ಇಂಥದ್ದನ್ನು ಅನುಭವಿಸಿದವರು ದಯವಿಟ್ಟು ದಾರಿ ತೋರಿಸಿ.

ನನ್ನದು ಸಿದ್ಧ ಗೌನ್. ಸ್ಯಾಟಿನ್ ಬಟ್ಟೆ, ಎದೆಯಿಂದ ಸೊಂಟದವರೆಗೆ ಮಣಿ ಕೂರಿಸಿದ ಲೇಸ್, ಬೆನ್ನಿಗೆ ಹೊರಗೆ ಕಾಣದಂಥ ಜಿಪ್. ಕೊಂಡಾಗ ಸೊಂಟದಲ್ಲಿ ತುಸು ಸಡಿಲವಿತ್ತು, ಉದ್ದ ನೆಲಕ್ಕೆ ತಾಗುತ್ತಿತ್ತು. ಸೊಂಟ ಹಿಡಿಸಿ, ಕೆಳಗಿನ ಅಂಚು ಮೇಲೆತ್ತಿ ಕೊಡಿ ಎಂದು ಆಲ್ಟರೇಶನ್‌ಗೆ ಕೊಟ್ಟೆ. ತಿರುಗಿ ಬಂದದ್ದನ್ನು ಹಾಕಿಕೊಂಡರೆ ಜಿಪ್ ಬೆನ್ನಿನ ಅರ್ಧಕ್ಕೇ ನಿಲ್ಲುತ್ತದೆ. ಅಲ್ಲಿಂದ ಮೇಲೆ ಎರಡು ಅಂಚುಗಳ ನಡುವೆ ಒಂದೂವರೆ ಇಂಚು ಅಂತರ. ಕೊರಳ ಮುಂಭಾಗ ಮೈಗೆ ಕೂರದೆ ಮುಂದಕ್ಕೆ ಬಾಗಿ ನಿಲ್ಲುತ್ತದೆ. ಕೆಳಗಿನ ಅಂಚು ಮುಂದುಗಡೆ ಪಾದದ ಗಂಟು ಕಾಣುವಷ್ಟು ಮೇಲೇರಿದೆ, ಹಿಂದೆ ಇನ್ನೂ ನೆಲ ಗುಡಿಸುತ್ತದೆ.

ಅಂಗಡಿಯವರನ್ನು ಕೇಳಿದರೆ "ನೀವೇ ದಪ್ಪಗಾಗಿದ್ದೀರಿ" ಎಂದರು. ಮನೆಗೆ ಬಂದು ಟೇಪು ಹಿಡಿದು ನೋಡಿದೆ. ಗೌನ್ ಕೊಂಡಾಗ ಬರೆದಿಟ್ಟ ಅಳತೆಯೇ ಈಗಲೂ ಇದೆ. ಅವರಿಗೇ ಮತ್ತೆ ಕೊಡಲೇ, ಬೇರೆಯವರ ಬಳಿ ಒಯ್ಯಲೇ, ಹೊಸದನ್ನೇ ಹುಡುಕಲೇ? ಏನೂ ತೋಚುತ್ತಿಲ್ಲ.

ಗಾಳಿಪಟ

ಹೊಸದನ್ನು ಹುಡುಕುವ ಮಾತು ಈಗಲೇ ಬೇಡ. ಆದರೆ ಅದೇ ಅಂಗಡಿಗೆ ಮಾತ್ರ ಕೊಡಬೇಡಿ. ತಮ್ಮ ಕೆಲಸ ಕೆಟ್ಟದ್ದನ್ನು ಮದುಮಗಳ ಮೈಯ ಮೇಲೆ ಹೊರಿಸುವವರಿಂದ ಸರಿಯಾದ ದುರಸ್ತಿ ಹೇಗೆ ನಿರೀಕ್ಷಿಸುತ್ತೀರಿ? ಮದುವೆಯ ಹೊತ್ತಿನಲ್ಲಿ ಹುಡುಗಿಯರ ಮನಸ್ಸು ಎಷ್ಟು ಸೂಕ್ಷ್ಮವಾಗಿರುತ್ತದೆ ಎಂದು ತಿಳಿದೂ ಹೀಗೆ ಆಡುತ್ತಾರಲ್ಲ, ಓದಿ ಹೊಟ್ಟೆ ಉರಿಯಿತು.

ಹಳೆಯ ಕತ್ತರಿ

ಬಹಳ ಕಾಲ ಹೊಲಿಗೆ ಯಂತ್ರದ ಮುಂದೆ ಕುಳಿತವನು ನಾನು. ಬಿಳಿಸಂಪಿಗೆ ಅಮ್ಮಾ, ಮೊದಲು ಎರಡು ಕೆಲಸ ನಿಲ್ಲಿಸಿ. ಜಿಪ್ಪನ್ನು ಬಲವಂತವಾಗಿ ಎಳೆಯಬೇಡಿ. ಮರೆಯಾಗಿ ಕೂರುವ ಜಿಪ್ಪಿನ ಹಲ್ಲುಗಳು ಬಹಳ ನಾಜೂಕು. ಒಮ್ಮೆ ಬಿರಿದರೆ ಇಡೀ ಜಿಪ್ ಬದಲಿಸಬೇಕಾಗುತ್ತದೆ, ಆಗ ಬೆನ್ನಿನ ಬಟ್ಟೆಗೆ ಮತ್ತೊಂದು ಸಾಲು ತೂತು ಬೀಳುತ್ತದೆ. ಎರಡನೆಯದು, ಯಾರ ಕೈಗೂ ಈಗ ಕತ್ತರಿ ಕೊಡಬೇಡಿ. ಆಲ್ಟರೇಶನ್ ಕೆಟ್ಟಾಗ ನನ್ನ ಲೆಕ್ಕದಲ್ಲಿ ಕೇಳಬೇಕಾದ ಪ್ರಶ್ನೆ ಒಂದೇ: ಬಟ್ಟೆಯನ್ನು ಕತ್ತರಿಸಿದ್ದಾರೆಯೇ ಅಥವಾ ಮಡಚಿ ಹೊಲಿದಿದ್ದಾರೆಯೇ? ಮಡಚಿ ಹೊಲಿದಿದ್ದರೆ ಮುಕ್ಕಾಲು ಪಾಲು ಉಳಿಸಿಕೊಳ್ಳಬಹುದು.

ಗೌನನ್ನು ತಿರುವಿ ಹಾಕಿ ಬೆಳಕಿನಲ್ಲಿ ನೋಡಿ. ಅಸ್ತರಿನ, ಅಂದರೆ ಒಳಪದರದ ಬಟ್ಟೆಯ ಕೆಳಗೆ ಕೈ ಹಾಕಿ ಎರಡೂ ಪಕ್ಕೆಯ ಹೊಲಿಗೆಗಳನ್ನು ಹುಡುಕಿ. ಹೊಲಿಗೆಯ ಸಾಲಿನಿಂದ ಬಟ್ಟೆಯ ಕೊನೆಯವರೆಗೆ ಎಷ್ಟು ಉಳಿದಿದೆ? ಅದನ್ನೇ ನಾವು ಮಾರ್ಜಿನ್ ಎನ್ನುತ್ತೇವೆ. ಒಂದು ಪಕ್ಕೆಯ ಹೊಲಿಗೆಯಲ್ಲಿ ಮುಂದಿನ ತುಂಡು, ಹಿಂದಿನ ತುಂಡು ಎಂದು ಎರಡು ಅಂಚುಗಳು. ಎರಡು ಪಕ್ಕೆ ಸೇರಿದರೆ 4 ಅಂಚು. ಪ್ರತಿ ಅಂಚಿನಲ್ಲಿ ಮುಕ್ಕಾಲು ಇಂಚು ಇದ್ದು, ಕಾಲು ಇಂಚನ್ನು ಹೊಲಿಗೆಗೆ ಉಳಿಸಿಕೊಂಡರೂ, ಅರ್ಧರ್ಧ ಇಂಚಿನಂತೆ ಒಟ್ಟು 2 ಇಂಚು ಬಿಡಬಹುದು. ನಿಮಗೆ ಬೇಕಾದದ್ದು ಒಂದೂವರೆ.

ಆ ಹೊಲಿಗೆಯ ಆಚೆ ಹಳೆಯ ಸೂಜಿಯ ಸಾಲು ಕಾಣುತ್ತದೆಯೇ ಎಂದೂ ನೋಡಿ. ಕೊಂಡಾಗ ಇದ್ದ ಮೂಲ ಹೊಲಿಗೆ ಎಲ್ಲಿತ್ತು ಎಂಬುದಕ್ಕೆ ಅದೇ ಸಾಕ್ಷಿ. ಅದರಿಂದ ಹೊಸ ಹೊಲಿಗೆ ಎಷ್ಟು ಒಳಗೆ ಬಂದಿದೆ ಎಂದು ಅಳೆದರೆ ದಪ್ಪಗಾದವರು ಯಾರು ಎಂಬ ವಾದಕ್ಕೆ ಅಲ್ಲೇ ಉತ್ತರ ಸಿಗುತ್ತದೆ.

ಕಸೂತಿಕೈ

ಹಿರಿಯರು ಹೇಳಿದ್ದಕ್ಕೆ ಒಂದು ಸೇರಿಸುತ್ತೇನೆ. ಪಕ್ಕೆಯ ಹೊಲಿಗೆ ಬರುವಲ್ಲಿ ಲೇಸನ್ನು ಏನು ಮಾಡಿದ್ದಾರೆ ಎಂದು ಬೆರಳಿನಿಂದ ಮುಟ್ಟಿ ನೋಡಿ. ಮಣಿ ಇರುವ ಲೇಸನ್ನು ಕೈಯಿಂದ ಬಿಡಿಸಿ ಪಕ್ಕಕ್ಕೆ ಸರಿಸಿ, ಒಳಬಟ್ಟೆಯನ್ನು ಮಾತ್ರ ಯಂತ್ರದಲ್ಲಿ ಹೊಲಿದು, ಆಮೇಲೆ ಲೇಸನ್ನು ಹೊಲಿಗೆಯ ಮೇಲೆ ಹಾಸಿ ಮತ್ತೆ ಕೈಹೊಲಿಗೆ ಹಾಕಬೇಕು. ಅವಸರದವರು ಎಲ್ಲವನ್ನೂ ಸೇರಿಸಿ ಒಂದೇ ಸಲ ಯಂತ್ರ ಓಡಿಸುತ್ತಾರೆ. ಹಾಗೆ ಮಾಡಿದ್ದರೆ ಹೊಲಿಗೆಯೊಳಗೆ ಮಣಿಯ ಚೂರುಗಳು ಸಿಕ್ಕಿಕೊಂಡಿರುತ್ತವೆ, ಮೈಗೆ ಚುಚ್ಚುತ್ತವೆ.

ಬಿಳಿಸಂಪಿಗೆ

ಇಬ್ಬರಿಗೂ ಧನ್ಯವಾದ. ಅಕ್ಕನ ಜೊತೆ ಕುಳಿತು ನೋಡಿದೆ.

ಪಕ್ಕೆಯಲ್ಲಿ ಬಟ್ಟೆ ಕತ್ತರಿಸಿಲ್ಲ, ಎರಡೂ ಕಡೆ ಮುಕ್ಕಾಲು ಇಂಚಿನಷ್ಟು ಮಾರ್ಜಿನ್ ಇದೆ. ಹಳೆಯ ಸೂಜಿಯ ಸಾಲು ಸ್ಪಷ್ಟವಾಗಿ ಕಾಣುತ್ತದೆ. ಸೊಂಟದಲ್ಲಿ ಹಿಡಿಸಿ ಎಂದರೆ ಕಂಕುಳಿನಿಂದ ಸೊಂಟದವರೆಗೂ ಒಂದೇ ಸಮನೆ ಒಳಗೆ ತಂದಿದ್ದಾರೆ. ಬೆನ್ನಿನಲ್ಲಿ ಜಿಪ್ಪಿನ ಅಂಚನ್ನು ಮಾತ್ರ ಕತ್ತರಿಸಿದ್ದಾರೆ, ಅಲ್ಲಿ ಏನೂ ಉಳಿದಿಲ್ಲ. ಕೆಳಗಿನ ಅಂಚು ಕತ್ತರಿಸಿಲ್ಲ, ಒಳಕ್ಕೆ ಮಡಚಿ ಹೊಲಿದಿದ್ದಾರೆ.

ಕಸೂತಿಕೈ ಹೇಳಿದ್ದೂ ನಿಜವಾಯಿತು. ಲೇಸಿನ ಮೇಲೆಯೇ ಯಂತ್ರ ಓಡಿದೆ. ಎಡ ಪಕ್ಕೆಯ ಹೊಲಿಗೆಯನ್ನು ಬಗ್ಗಿಸಿದಾಗ ಗಾಜಿನ ಮಣಿಯ ಪುಡಿ ಉದುರಿತು, ಒಂದು ಕಡೆ ಮುರಿದ ಸೂಜಿಯ ತುದಿಯೂ ಸಿಕ್ಕಿತು. ನೋಡಿ ಅಳು ಬಂತು.

ಹೊಲಿಗೆಮನೆ

ಸೂಜಿಯ ತುದಿ ಸಿಕ್ಕಿದೆ ಎಂದಿರಲ್ಲ, ಒಂದು ಅಯಸ್ಕಾಂತವನ್ನು ಹೊಲಿಗೆಯ ಉದ್ದಕ್ಕೂ ನಿಧಾನವಾಗಿ ಸವರಿ. ಇನ್ನೂ ಚೂರುಗಳಿರಬಹುದು. ಅದಾಗುವವರೆಗೆ ಗೌನನ್ನು ಮೈಗೆ ಹಾಕಿಕೊಳ್ಳಬೇಡಿ.

ಈಗ ಮುಖ್ಯ ವಿಷಯ. ನೀವು ಮೂರು ದೂರು ಹೇಳಿದ್ದೀರಿ: ಜಿಪ್ ಏರುವುದಿಲ್ಲ, ಕೊರಳು ಬಾಗುತ್ತದೆ, ಮುಂದಿನ ಅಂಚು ಗಿಡ್ಡವಾಗಿದೆ. ಈ ಮೂರಕ್ಕೂ ಮೂಲ ಒಂದೇ ಇರಬಹುದು ಎಂದು ನನಗೆ ಬಲವಾಗಿ ಅನ್ನಿಸುತ್ತದೆ. ಎದೆಯ ಕೆಳಗೆ, ಪಕ್ಕೆಲುಬಿನ ಮೇಲೆ ಉಡುಪು ಬಿಗಿಯಾದರೆ ಅದು ಸೊಂಟಕ್ಕೆ ಇಳಿದು ಕೂರಲಾರದು, ಮೇಲಕ್ಕೆ ಸರಿಯುತ್ತದೆ. ಮೇಲೆ ಸರಿದ ಬಟ್ಟೆಗೆ ಎದೆಯ ಬಳಿ ಜಾಗವಿಲ್ಲದೆ ಕೊರಳಿನ ಅಂಚು ಹೊರಕ್ಕೆ ಬಾಗುತ್ತದೆ. ಮೇಲ್ಭಾಗ ಏರಿದಷ್ಟೂ ಕೆಳಗಿನ ಅಂಚನ್ನು ತನ್ನ ಜೊತೆಗೆ ಎಳೆದುಕೊಳ್ಳುತ್ತದೆ. ಬೆನ್ನಿನಲ್ಲಿ ಜಿಪ್ ತೆರೆದೇ ಇರುವುದರಿಂದ ಹಿಂದಿನ ಭಾಗ ಜೋತುಬಿದ್ದು ನೆಲಕ್ಕೆ ತಾಗುತ್ತದೆ.

ಇದನ್ನು ಪರೀಕ್ಷಿಸುವುದು ಸುಲಭ. ಚೂರುಗಳನ್ನೆಲ್ಲ ತೆಗೆದ ಮೇಲೆ ಸೊಂಟಕ್ಕೆ, ಅಂದರೆ ಪಕ್ಕಕ್ಕೆ ಬಾಗಿದಾಗ ಮೈ ಮಡಿಕೆ ಬೀಳುವಲ್ಲಿ, ಒಂದು ತೆಳ್ಳನೆಯ ಇಲಾಸ್ಟಿಕ್ ಕಟ್ಟಿಕೊಳ್ಳಿ. ಅದರ ಮೇಲೆ ಗೌನ್ ಹಾಕಿ. ಗೌನಿನ ಸೊಂಟದ ಹೊಲಿಗೆ ಆ ಇಲಾಸ್ಟಿಕ್ಕಿನ ಮೇಲೆಯೇ ಕೂರಬೇಕು. ಒಂದು ಇಂಚು ಮೇಲೆ ಕುಳಿತಿದ್ದರೆ, ನಿಮ್ಮ ಅಂಚು ಗಿಡ್ಡವಾದದ್ದರಲ್ಲಿ ಒಂದು ಇಂಚಿನ ಲೆಕ್ಕ ಸಿಕ್ಕಿತು.

ಹಾಗಾಗಿ ಯಾರೇ ಹೇಳಲಿ, ಕೊರಳನ್ನೂ ಅಂಚನ್ನೂ ಈಗ ಮುಟ್ಟಿಸಬೇಡಿ. ಕೊರಳು ಬಾಗಿದೆ ಎಂದು ಅಲ್ಲೊಂದು ಡಾರ್ಟ್, ಅಂದರೆ ಬಟ್ಟೆಯನ್ನು ಚೂಪಾಗಿ ಮಡಚಿದ ಹೊಲಿಗೆ, ಹಾಕಿಸಿದರೆ, ನಾಳೆ ಪಕ್ಕೆ ಬಿಟ್ಟಾಗ ಎದೆಯ ಬಳಿ ಮತ್ತೆ ಬಿಗಿಯುತ್ತದೆ. ಕೆಟ್ಟ ಆಲ್ಟರೇಶನ್‌ಗಿಂತ ಅದರ ಮೇಲೆ ಮಾಡುವ ಅವಸರದ ಎರಡನೇ ಆಲ್ಟರೇಶನ್ ಹೆಚ್ಚು ಉಡುಪುಗಳನ್ನು ಹಾಳು ಮಾಡುತ್ತದೆ.

ಹಳೆಯ ಕತ್ತರಿ

ಹೊಲಿಗೆಮನೆ ಬರೆದದ್ದು ನೂರಕ್ಕೆ ನೂರು ಸರಿ. ಅದಕ್ಕೆ ಸೇರಿಸಿ ಇನ್ನೊಂದನ್ನು ನೋಡಬೇಕು. ಬಿಗಿತ ಮೇಲಿನ ಬಟ್ಟೆಯಿಂದಲೋ ಅಸ್ತರಿನಿಂದಲೋ? ಮೇಲ್ಬಟ್ಟೆಯನ್ನು ಒಂದು ಅಳತೆಗೆ, ಅಸ್ತರನ್ನು ಅದಕ್ಕಿಂತ ಬಿಗಿಯಾಗಿ ಹೊಲಿದಿರುವ ಗೌನ್‌ಗಳನ್ನು ಎಷ್ಟೋ ಬಿಚ್ಚಿದ್ದೇನೆ. ಹೊರಗೆ ಎಷ್ಟು ಸಡಿಲ ಬಿಟ್ಟರೂ ಅಸ್ತರು ಹಿಡಿದುಕೊಂಡೇ ಇರುತ್ತದೆ. ಎರಡನ್ನೂ ಬೇರೆ ಬೇರೆಯಾಗಿ ಅಳೆಯಿರಿ.

ಗಾಳಿಪಟ

ಹಿರಿಯರೇ, ಬಿಳಿಸಂಪಿಗೆಯ ಪ್ರಶ್ನೆಗೆ ನೀವು ಉತ್ತರಿಸಲಿಲ್ಲ. ಅದೇ ಅಂಗಡಿಗೆ ಕೊಡಬಹುದೇ, ಬಾರದೇ?

ಹಳೆಯ ಕತ್ತರಿ

ಆಲ್ಟರೇಶನ್‌ನಲ್ಲಿ ಯಾರ ಕೈಯೂ ಕೆಲವೊಮ್ಮೆ ತಪ್ಪಬಹುದು. ಬೇರೊಬ್ಬರು ಹೊಲಿದದ್ದನ್ನು ಬಿಚ್ಚಿದಾಗ ಒಳಗೆ ಏನಿದೆ ಎಂದು ಮೊದಲೇ ಗೊತ್ತಿರುವುದಿಲ್ಲ. ತಪ್ಪಾಯಿತು, ಇಲ್ಲಿ ಹೀಗಾಗಿದೆ, ಹೀಗೆ ಸರಿಪಡಿಸುತ್ತೇನೆ ಎಂದು ಬಟ್ಟೆಯನ್ನು ತೋರಿಸಿ ಹೇಳುವವರಿಗೆ ಇನ್ನೊಂದು ಅವಕಾಶ ಕೊಡಿ ಎಂದೇ ನಾನು ಹೇಳುವವನು. ಅಳತೆಗೆ ಹೊಲಿದವರಿಗೆ ಆ ಉಡುಪಿನ ಒಳಗುಟ್ಟು ಬೇರೆಯವರಿಗಿಂತ ಚೆನ್ನಾಗಿ ಗೊತ್ತಿರುತ್ತದೆ.

ಆದರೆ ಇವರು ಮಣಿಯ ಮೇಲೆ ಯಂತ್ರ ಓಡಿಸಿ, ಸೂಜಿ ಮುರಿದದ್ದು ಕೈಗೆ ತಿಳಿದೂ, ತುದಿಯನ್ನು ಹುಡುಕದೆ ಬಿಟ್ಟಿದ್ದಾರೆ. ಅದು ಕೈತಪ್ಪು ಅಲ್ಲ, ಅಸಡ್ಡೆ. ಈ ಗೌನನ್ನು ಅಲ್ಲಿಗೆ ಮತ್ತೆ ಕೊಡಬೇಡಿ ಅಮ್ಮಾ.

ಕಡ್ಡಿಪೆಟ್ಟಿಗೆ

ಸ್ವಲ್ಪ ಬೇರೆ ಅಭಿಪ್ರಾಯ. ಹೇಳದೆ ಕೇಳದೆ ಬೇರೆಯವರಿಂದ ದುರಸ್ತಿ ಮಾಡಿಸಿದರೆ, ಆಮೇಲೆ ಹಣ ಕೇಳಲು ಹೋದಾಗ "ನಮಗೆ ಸರಿಪಡಿಸುವ ಅವಕಾಶವನ್ನೇ ಕೊಡಲಿಲ್ಲ, ಕೆಡಿಸಿದವರು ಅವರೇ" ಎನ್ನುತ್ತಾರೆ. ಬಿಚ್ಚುವ ಮೊದಲು ಚಿತ್ರಗಳನ್ನು ತೆಗೆದಿಡಿ: ಹಾಕಿಕೊಂಡಾಗ ಮುಂದಿನಿಂದ, ಹಿಂದಿನಿಂದ, ಪಕ್ಕದಿಂದ, ಒಳಗಡೆ ಹಳೆಯ ಸಾಲು ಮತ್ತು ಹೊಸ ಹೊಲಿಗೆಯ ನಡುವೆ ಟೇಪು ಹಿಡಿದು, ಮುರಿದ ಸೂಜಿಯದ್ದೂ. ಇವುಗಳೊಂದಿಗೆ ಅಂಗಡಿಗೆ ಒಂದು ಸಂದೇಶ ಬರೆದು ಕಳುಹಿಸಿ. ಏನು ಹೇಳಿದ್ದೆ, ಏನು ಮಾಡಿದ್ದೀರಿ, ಇಂಥ ದಿನದೊಳಗೆ ಏನು ಪರಿಹಾರ ಕೊಡುತ್ತೀರಿ, ಇಷ್ಟೇ. ಬೈಗುಳ ಬೇಡ. ಬಾಯಿಮಾತಿನ ಜಗಳಕ್ಕೆ ನಾಳೆ ಬೆಲೆ ಇರುವುದಿಲ್ಲ.

ರಸೀದಿಯಲ್ಲಿ ಏನು ಬರೆದಿದೆ? "ಆಲ್ಟರೇಶನ್" ಎಂದಷ್ಟೇ ಇದೆಯೇ, ಅಥವಾ ಎಲ್ಲಿ ಎಷ್ಟು ಇಂಚು ಎಂದಿದೆಯೇ?

ಬಿಳಿಸಂಪಿಗೆ

"ಸೊಂಟ, ಅಂಚು" ಎಂದು ಎರಡೇ ಪದ ಇದೆ. ಅಂದರೆ ಎದೆಯ ಬಳಿ ಮುಟ್ಟಲು ನಾನು ಹೇಳಿರಲಿಲ್ಲ ಎಂಬುದಕ್ಕೆ ಅದೇ ಸಾಕಲ್ಲವೇ?

ಕಡ್ಡಿಪೆಟ್ಟಿಗೆ

ಖಂಡಿತ ಸಾಕು. ಅದನ್ನೂ ಚಿತ್ರ ತೆಗೆದು ಸಂದೇಶದಲ್ಲಿ ಸೇರಿಸಿ.

ನೀಲಿದಾರ

ನನ್ನ ತಂಗಿಯ ಗೌನಿಗೂ ಹೀಗೇ ಆಗಿತ್ತು, ಆದರೆ ಅಲ್ಲಿ ಮಾರ್ಜಿನ್ ಒಂದಿಷ್ಟೂ ಉಳಿದಿರಲಿಲ್ಲ. ಕೊನೆಗೆ ಜಿಪ್ಪನ್ನೇ ತೆಗೆದು, ಬೆನ್ನಿನ ಎರಡೂ ಅಂಚಿಗೆ ಬಟ್ಟೆಯ ಕುಣಿಕೆಗಳನ್ನು ಸಾಲಾಗಿ ಹೊಲಿದು, ಅವುಗಳಲ್ಲಿ ಲಾಡಿ ಹೆಣೆದು ಕಟ್ಟುವಂತೆ ಮಾಡಿಸಿದೆವು. ಒಳಗೆ ಅದೇ ಬಣ್ಣದ ಬಟ್ಟೆಯ ಒಂದು ಅಗಲ ಪಟ್ಟಿ, ಮೈ ಕಾಣದ ಹಾಗೆ. ಹಲವು ಇಂಚುಗಳ ಕೊರತೆಯಿದ್ದರೂ ಇದು ಮುಚ್ಚುತ್ತದೆ, ಊಟವಾದ ಮೇಲೆ ಸಡಿಲಿಸಿಕೊಳ್ಳಲೂ ಬರುತ್ತದೆ. ಲಾಡಿಯನ್ನು ಮೇಲಿನಿಂದ ಒಂದೇ ಸಲ ಬಿಗಿದರೆ ಬೆನ್ನು ಸೊಟ್ಟಗಾಗುತ್ತದೆ. ಸೊಂಟದಿಂದ ಶುರುಮಾಡಿ ಒಂದೊಂದೇ ಕುಣಿಕೆ ಎಳೆಯುತ್ತ ಮೇಲೆ ಬರಬೇಕು, ಅದಕ್ಕೆ ಇನ್ನೊಬ್ಬರ ಕೈ ಬೇಕೇ ಬೇಕು.

ನಿಮಗೆ ಮಾರ್ಜಿನ್ ಇರುವುದರಿಂದ ಇದರ ಅಗತ್ಯ ಬೀಳದು. ಆದರೂ ಒಂದು ದಾರಿ ಇದೆ ಎಂದು ತಿಳಿದಿದ್ದರೆ ರಾತ್ರಿ ನಿದ್ದೆಯಾದರೂ ಬರುತ್ತದೆ.

ಮದುಮಗನ ಅಣ್ಣ

ಕೋಟಿನ ವಿಷಯವನ್ನೂ ಹೇಳಿಬಿಡುತ್ತೇನೆ. ತೋಳಿನ ತುದಿಯ ಗುಂಡಿಗಳಿಗೆ ನಿಜವಾದ ಕಾಜಾ ಇದ್ದರೆ ತೋಳನ್ನು ಕೆಳಗಿನಿಂದ ಗಿಡ್ಡ ಮಾಡಬಾರದು, ಗುಂಡಿಗಳು ಅಂಚಿಗೆ ಬಂದು ಕೂರುತ್ತವೆ. ಭುಜದಿಂದ ಬಿಚ್ಚಿ ಮೇಲೆತ್ತಬೇಕು, ಅದು ನುರಿತವರ ಕೆಲಸ. ತಮ್ಮನ ಕೋಟಿಗೆ ಕೆಳಗಿನಿಂದ ಕತ್ತರಿಸಿಬಿಟ್ಟಿದ್ದರು, ಏನೂ ಮಾಡಲಾಗಲಿಲ್ಲ.

ಬಿಳಿಸಂಪಿಗೆ

ಇಲಾಸ್ಟಿಕ್ ಪರೀಕ್ಷೆ ಮಾಡಿದೆ. ಮುಂದುಗಡೆ ಸೊಂಟದ ಹೊಲಿಗೆ ನಿಜವಾಗಿಯೂ ಮೇಲೆ ಕುಳಿತಿದೆ, ಒಂದು ಇಂಚಿಗಿಂತ ತುಸು ಹೆಚ್ಚೇ! ಮೇಲ್ಬಟ್ಟೆ, ಅಸ್ತರು ಎರಡೂ ಒಂದೇ ಅಳತೆ. ಅಂಗಡಿಗೆ ಸಂದೇಶ ಕಳುಹಿಸಿದ್ದೇನೆ.

ಈಗ ಒಂದು ಭಯ. ಪಕ್ಕೆಯ ಹೊಲಿಗೆ ಬಿಚ್ಚಿದರೆ ಸ್ಯಾಟಿನ್ ಮೇಲೆ ಸೂಜಿಯ ತೂತುಗಳು ಕಾಣುವುದಿಲ್ಲವೇ?

ಕಸೂತಿಕೈ

ಕಾಣುತ್ತವೆ. ಸ್ಯಾಟಿನ್, ಟಫೆಟಾಗಳಂಥ ಒತ್ತಾದ ನಯದ ಬಟ್ಟೆಯಲ್ಲಿ ಸೂಜಿ ಎಳೆಗಳನ್ನು ದೂಡಿ, ಕೆಲವನ್ನು ಕಡಿದು ಹೋಗಿರುತ್ತದೆ. ಹಿಂಬದಿಯಿಂದ ಲಘುವಾಗಿ ಹಬೆ ಹಿಡಿದು ಉಗುರಿನಿಂದ ಮೆಲ್ಲಗೆ ಎಳೆಗಳನ್ನು ಸರಿಸಿದರೆ ಕೆಲವು ತೂತುಗಳು ಕೂಡಿಕೊಳ್ಳಬಹುದು. ಕಡಿದ ಎಳೆ ಕೂಡುವುದಿಲ್ಲ.

ನಿಮ್ಮ ಅದೃಷ್ಟಕ್ಕೆ ಆ ಸಾಲು ಲೇಸಿನ ಕೆಳಗೇ ಬರುತ್ತದೆ. ಹಾಳಾದ ಲೇಸನ್ನು ಬಿಡಿಸಿ, ಹೂವಿನ ಆಕಾರದ ಗೆರೆಗಳ ಉದ್ದಕ್ಕೇ ಕತ್ತರಿಸಿ, ಪಕ್ಕೆಯ ಮೇಲೆ ಅಡ್ಡವಾಗಿ ಹಾಸಿ ಹೊಲಿದರೆ ಹೊಲಿಗೆಯೂ ತೂತುಗಳೂ ಎರಡೂ ಮರೆಯಾಗುತ್ತವೆ. ಲೇಸ್ ಸಾಲದಿದ್ದರೆ ಗೌನಿನ ಹಿಂಭಾಗದ ಕೆಳ ಅಂಚಿನಲ್ಲೋ ಒಳಮಡಿಕೆಯಲ್ಲೋ ಅದೇ ಲೇಸ್ ಇದೆಯೇ ನೋಡಿ. ಅಲ್ಲಿಂದ ಒಂದೆರಡು ಹೂ ತೆಗೆದರೆ ಯಾರ ಕಣ್ಣಿಗೂ ಬೀಳದು. ಹೊರಗಿನಿಂದ ತಂದ ಲೇಸಿನ ಬಿಳುಪು ಕೂಡಿಬರುವುದು ಕಷ್ಟ. ದೀಪದ ಬೆಳಕಲ್ಲಿ ಒಂದೇ ಎನಿಸಿದ್ದು ಹಗಲಿನಲ್ಲಿ ಹಳದಿಯಾಗಿ ಕಾಣುತ್ತದೆ, ಕಿಟಕಿಯ ಬಳಿ ಹಿಡಿದು ನೋಡದೆ ಕೊಳ್ಳಬೇಡಿ.

ಇಸ್ತ್ರಿಪೆಟ್ಟಿಗೆ

ಹಬೆಯ ಮಾತು ಬಂದದ್ದಕ್ಕೆ ಬರೆಯುತ್ತಿದ್ದೇನೆ. ಡ್ರೈಕ್ಲೀನಿಂಗ್ ನನ್ನ ಕಸುಬು. ಹೊಲಿಗೆ ಚೆನ್ನಾಗಿ ಆಗಿ ಇಸ್ತ್ರಿಯಲ್ಲಿ ಕೆಟ್ಟ ಮದುವೆಯ ಉಡುಪುಗಳು ಸಾಕಷ್ಟು ಬರುತ್ತವೆ.

ಗೌನಿನ ಒಳಗಿರುವ ಲೇಬಲ್‌ನಲ್ಲಿ ಇಸ್ತ್ರಿಯ ಚಿಹ್ನೆ ನೋಡಿ. ಒಂದು ಚುಕ್ಕಿ ಇದ್ದರೆ ಕಡಿಮೆ ಬಿಸಿ, ಎರಡಕ್ಕೆ ಮಧ್ಯಮ, ಮೂರಕ್ಕೆ ಹೆಚ್ಚು, ಅದಕ್ಕಿಂತ ಮೇಲೆ ಹೋಗಬಾರದು. ಸ್ಯಾಟಿನ್ ಎಂಬುದು ನೇಯ್ಗೆಯ ಹೆಸರು. ನೂಲು ರೇಷ್ಮೆಯದ್ದೂ ಆಗಿರಬಹುದು, ಪಾಲಿಯೆಸ್ಟರ್ ಅಥವಾ ಅಸಿಟೇಟ್ ಕೂಡ ಆಗಿರಬಹುದು. ಪಾಲಿಯೆಸ್ಟರ್ ಅತಿ ಬಿಸಿಗೆ ಕರಗಿ ಹೊಳಪುಗಟ್ಟುತ್ತದೆ, ಆ ಹೊಳಪು ಹೋಗುವುದಿಲ್ಲ. ರೇಷ್ಮೆಗೆ ನೀರಿನ ಹನಿ ಬಿದ್ದರೆ ಉಂಗುರದಂಥ ಕಲೆ ಉಳಿಯಬಹುದು. ಕ್ಲೋರಿನ್ ಬ್ಲೀಚ್ ಅಂತೂ ರೇಷ್ಮೆಯ ಎಳೆಯನ್ನೇ ತಿಂದುಹಾಕುತ್ತದೆ. ಅಸಿಟೇಟ್ ಬಟ್ಟೆಗೆ ಉಗುರುಬಣ್ಣ ತೆಗೆಯುವ ಅಸಿಟೋನ್ ತಾಗಿದರೆ ಬಟ್ಟೆಯೇ ಕರಗುತ್ತದೆ. ಮದುವೆಯ ಮುಂಜಾನೆ ಅಲಂಕಾರದ ಕೋಣೆಯಲ್ಲಿ ಎಲ್ಲರೂ ಇದನ್ನು ನೆನಪಿಡಬೇಕು.

ಇಸ್ತ್ರಿ ಯಾವತ್ತೂ ಒಳಬದಿಯಿಂದ, ಮೇಲೊಂದು ತೆಳು ಹತ್ತಿಯ ಬಟ್ಟೆ ಹಾಸಿ. ಮೊದಲು ಮಾರ್ಜಿನ್ನಿನ ಮೇಲೆ ಒತ್ತಿ ನೋಡಿ, ಆಮೇಲೆ ಉಳಿದದ್ದು. 1981ರಲ್ಲಿ ಬ್ರಿಟನ್ನಿನ ರಾಜಕುಮಾರಿ ಡಯಾನಾ ಮದುವೆಯ ಗೌನ್ ರೇಷ್ಮೆಯ ಟಫೆಟಾದ್ದು, 25 ಅಡಿ ಉದ್ದದ ಸೆರಗು. ಗಾಡಿಯಿಂದ ಇಳಿಯುವಾಗ ಅದು ಸುಕ್ಕುಸುಕ್ಕಾಗಿದ್ದದ್ದನ್ನು ಜಗತ್ತೇ ನೋಡಿತು. ಅಷ್ಟು ನುರಿತ ವಿನ್ಯಾಸಕಾರರ ಕೈಯಲ್ಲೂ ಬಟ್ಟೆ ತನ್ನ ಗುಣ ಬಿಡಲಿಲ್ಲ. ಆಕೆ ಮದುವೆಯ ಹೊತ್ತಿಗೆ ಸಣ್ಣಗಾಗುತ್ತ ಹೋದದ್ದರಿಂದ ಅದರ ಅಳತೆಯನ್ನೂ ಮತ್ತೆ ಮತ್ತೆ ಕಡಿಮೆ ಮಾಡಬೇಕಾಯಿತು. ಮದುವೆಗೆ ಮೊದಲು ಮೈಯ ಅಳತೆ ಬದಲಾಗುವುದು ಸಹಜ. ಅದನ್ನು ಟೇಪು ಹಿಡಿದು ತಿಳಿಯಬೇಕೇ ಹೊರತು ಬಾಯಿಗೆ ಬಂದಂತೆ ಆಡಿ ಅಲ್ಲ.

ಬಿಳಿಸಂಪಿಗೆ

ಎಲ್ಲರಿಗೂ ಒಂದು ಸುದ್ದಿ. ಅಕ್ಕನ ಪರಿಚಯದ ಒಬ್ಬ ಹೊಲಿಗೆಯವರು ಗೌನ್ ನೋಡಿದರು. ಅವರು ಬಾಯಿ ತೆರೆಯುವ ಮೊದಲೇ ಗೌನನ್ನು ತಿರುವಿ ಒಳಗಡೆ ನೋಡಲು ಶುರುಮಾಡಿದರು, ನನಗೆ ಅರ್ಧ ಧೈರ್ಯ ಅಲ್ಲೇ ಬಂತು. ನೀವೆಲ್ಲ ಹೇಳಿದ್ದನ್ನೇ ಅವರೂ ಹೇಳಿದರು. ಕೆಲಸ ಒಪ್ಪಿಕೊಂಡಿದ್ದಾರೆ. ನಾನು ಅವರಿಗೆ ಏನೇನು ಹೇಳಿಬರಬೇಕು?

ಹೊಲಿಗೆಮನೆ

ಮೊದಲು ಕಚ್ಚಾ ಹೊಲಿಗೆ, ಅಂದರೆ ಸುಲಭವಾಗಿ ಬಿಚ್ಚಬಹುದಾದ ಕೈಹೊಲಿಗೆ ಮಾತ್ರ ಹಾಕಲು ಹೇಳಿ, ಯಂತ್ರ ಬೇಡ. ಆ ಕಚ್ಚಾ ಹೊಲಿಗೆಯಲ್ಲೇ ನೀವು ಹಾಕಿಕೊಂಡು ನೋಡಬೇಕು. ಮದುವೆಯ ದಿನ ತೊಡುವ ಒಳಉಡುಪು, ಲಂಗ, ಚಪ್ಪಲಿಗಳನ್ನೇ ತೊಟ್ಟಿರಬೇಕು. ಕನ್ನಡಿಯ ಮುಂದೆ ನೆಟ್ಟಗೆ ನಿಂತು ನೋಡಿದರೆ ಸಾಲದು. ಕುಳಿತುಕೊಳ್ಳಿ, ಎರಡೂ ಕೈ ಮೇಲೆತ್ತಿ, ಯಾರನ್ನಾದರೂ ಅಪ್ಪಿಕೊಳ್ಳಿ, ದೀರ್ಘವಾಗಿ ಉಸಿರೆಳೆಯಿರಿ, ಮೆಟ್ಟಿಲು ಹತ್ತಿ. ಮದುವೆಯ ದಿನ ಮಾಡುವುದು ಇದನ್ನೆಲ್ಲ ತಾನೇ?

ಕೈ ಎತ್ತಿದಾಗ ಇಡೀ ಗೌನ್ ಮೇಲೇರಿದರೆ ಕಂಕುಳಿನ ಸುತ್ತು ಬಹಳ ಕೆಳಗಿದೆ ಎಂದರ್ಥ. ಕಂಕುಳನ್ನು ಇನ್ನೂ ಕೊರೆದರೆ ಸಡಿಲವಾಗುತ್ತದೆ ಎಂದು ಹೇಳುವವರಿದ್ದಾರೆ, ಒಪ್ಪಬೇಡಿ. ಕೊರೆದಷ್ಟೂ ಕೈ ಎತ್ತುವುದು ಕಷ್ಟವಾಗುತ್ತದೆ, ಕೊರೆದದ್ದನ್ನು ತುಂಬಲು ಆ ಮೇಲೆ ತುಂಡು ಬಟ್ಟೆಯೇ ಗತಿ.

ಪಕ್ಕೆ, ಜಿಪ್ ಎಲ್ಲ ಮುಗಿದ ಮೇಲೆ ಗೌನನ್ನು ಒಂದು ರಾತ್ರಿ ತೂಗುಹಾಕಿ, ಬಟ್ಟೆ ತನ್ನ ಭಾರಕ್ಕೆ ಇಳಿಯಲಿ. ಕೆಳಗಿನ ಅಂಚನ್ನು ಆಮೇಲೆ ಗುರುತು ಮಾಡಿಸಿ. ನೀವು ಅಲುಗಾಡದೆ ನಿಲ್ಲಿ. ಗುರುತು ಹಾಕುವವರು ಕೋಲು ಹಿಡಿದು ನೆಲದಿಂದ ಒಂದೇ ಎತ್ತರದಲ್ಲಿ ನಿಮ್ಮ ಸುತ್ತ ಬರಲಿ. ನೀವು ಬಗ್ಗಿ ನೋಡಿದರೆ ಮುಂದಿನ ಅಂಚು ಇಳಿದು ಲೆಕ್ಕ ತಪ್ಪುತ್ತದೆ.

ನೀಲಿದಾರ

ಹೊಸ ಜಿಪ್ ಹಾಕುವುದಾದರೆ ಒಳಗೆ ಸೊಂಟಕ್ಕೊಂದು ಗಟ್ಟಿ ಪಟ್ಟಿ, ಅದಕ್ಕೆ ಹುಕ್ಕು ಹಾಕಿಸಿಕೊಳ್ಳಿ. ಮೊದಲು ಆ ಹುಕ್ಕು, ಆಮೇಲೆ ಜಿಪ್. ಲಂಗದ ಭಾರವನ್ನು ಪಟ್ಟಿ ಹೊರುತ್ತದೆ, ಜಿಪ್ಪಿನ ಮೇಲೆ ಎಳೆತ ಬೀಳುವುದಿಲ್ಲ.

ಬಿಳಿಸಂಪಿಗೆ

ಕಚ್ಚಾ ಹೊಲಿಗೆಯಲ್ಲಿ ಹಾಕಿ ನೋಡಿದೆ. ಜಿಪ್ ಮೇಲಿನವರೆಗೂ ಏರಿತು, ಉಸಿರಾಡಲೂ ಜಾಗವಿದೆ! ಕೊರಳು ತಾನಾಗಿಯೇ ಕುಳಿತುಕೊಂಡಿತು, ಯಾರೂ ಅದನ್ನು ಮುಟ್ಟಲಿಲ್ಲ. ಮುಂದಿನ ಅಂಚು ಬಹುಪಾಲು ಇಳಿಯಿತು. ಇನ್ನೂ ಉಳಿದ ಅರ್ಧ ಇಂಚನ್ನು ಒಳಗಿನ ಮಡಿಕೆ ಬಿಚ್ಚಿ ಕೊಡುತ್ತಾರಂತೆ. ಎಡ ಪಕ್ಕೆಯಲ್ಲಿ ಲೇಸ್ ಸಾಲದೆ ಹಿಂದಿನ ಅಂಚಿನಿಂದ ಹೂಗಳನ್ನು ತೆಗೆದಿದ್ದಾರೆ. ಹತ್ತಿರದಿಂದ ನೋಡಿದರೆ ಆ ಕಡೆ ಮಣಿಗಳು ವಿರಳ ಎಂದು ನನಗೆ ಗೊತ್ತಾಗುತ್ತದೆ. ಕೈ ಕೆಳಗಿಟ್ಟರೆ ಮರೆಯಾಗುತ್ತದೆ, ನನಗೆ ಅಷ್ಟು ಸಾಕು.

ಅಂಗಡಿಯವರು ಚಿತ್ರಗಳನ್ನು ನೋಡಿದ ಮೇಲೆ ಆಲ್ಟರೇಶನ್‌ನ ಹಣ ಹಿಂತಿರುಗಿಸಿದ್ದಾರೆ. ಹೊಸ ದುರಸ್ತಿಯ ಖರ್ಚು ಮಾತ್ರ ತಮ್ಮದಲ್ಲ ಎನ್ನುತ್ತಿದ್ದಾರೆ.

ಗಾಳಿಪಟ

ಬಿಡಬೇಡಿ, ಕೇಳಿ.

ಕಡ್ಡಿಪೆಟ್ಟಿಗೆ

ಕೇಳಿ, ಆದರೆ ಮದುವೆ ಮುಗಿದ ಮೇಲೆ. ಹೊಸ ಹೊಲಿಗೆಯವರಿಂದ ರಸೀದಿಯಲ್ಲಿ ಯಾವ ಯಾವ ಕೆಲಸ ಸರಿಪಡಿಸಿದೆ ಎಂದು ಬಿಡಿಬಿಡಿಯಾಗಿ ಬರೆಸಿಕೊಳ್ಳಿ. ಮಣಿಯ ಚೂರು, ಸೂಜಿಯ ತುದಿ ತೆಗೆದದ್ದನ್ನೂ ಬರೆಯಲಿ. ಆ ಚೂರುಗಳನ್ನು ಒಂದು ಸಣ್ಣ ಡಬ್ಬಿಯಲ್ಲಿ ಹಾಕಿಡಿ.

ಹಳೆಯ ಕತ್ತರಿ

ಒಳ್ಳೆಯದಾಯಿತು ಅಮ್ಮಾ. ಆ ಅರ್ಧ ಇಂಚಿನ ಮಡಿಕೆ ಬಿಚ್ಚಿದ ಮೇಲೆ ಹಳೆಯ ಮಡಿಕೆಯ ಗೆರೆ ಉಳಿದರೆ ಮನೆಯಲ್ಲಿ ಇಸ್ತ್ರಿ ಹಿಡಿಯಲು ಹೋಗಬೇಡಿ, ಅವರಿಗೇ ಹೇಳಿ. ಮದುವೆಯ ದಿನದ ಚೀಲದಲ್ಲಿ ಅದೇ ಬಣ್ಣದ ದಾರ ಪೋಣಿಸಿದ ಸೂಜಿ, ನಾಲ್ಕಾರು ಪಿನ್ನು, ಒಂದು ಸಣ್ಣ ಕತ್ತರಿ ಇಟ್ಟುಕೊಳ್ಳಿ. ಜಿಪ್ ಏರಿಸುವ ಕೆಲಸ ನಿಮ್ಮ ಅಕ್ಕನಿಗೇ ಒಪ್ಪಿಸಿ. ಒಂದು ಕೈಯಲ್ಲಿ ಕೆಳಗಿನ ತುದಿಯ ಬಟ್ಟೆಯನ್ನು ಹಿಡಿದುಕೊಂಡು ಇನ್ನೊಂದರಲ್ಲಿ ಎಳೆಯಬೇಕು ಎಂದು ಅವರಿಗೆ ಮೊದಲೇ ಒಮ್ಮೆ ಮಾಡಿಸಿ ತೋರಿಸಿ.